ನಾಲ್ಕು ಗುಂಜಿ ಬಂಗಾರ

ನಮ್ಮ ಮನೆಗೂ ಬಾಜೂ ಮನೆಗೂ ನಡುವೆ ಇರುವುದು ಒಂದು ಜಾಲಿ ಕಂಟಿಯ ಬೇಲಿ. ಕುರಿ ದಾಟಬಾರದೆಂದು ಹಾಕಿದ್ದು. ಮಾತು ದಾಟುವುದಕ್ಕೆ ಅದರಿಂದ ಇದುವರೆಗೆ ಅಡ್ಡಿಯಾಗಿಲ್ಲ. ಮಹಾರಾಷ್ಟ್ರದೊಳಗಿನ ಜತ್ತ ತಾಲೂಕಿನ ಮೂಡಣ ಅಂಚಿನ ನಮ್ಮ ಹಳ್ಳಿಗಳಲ್ಲಿ ಮಳೆ ಕಡಿಮೆ, ಮಾತು ಹೆಚ್ಚು. ಕನ್ನಡ ಶಾಲೆಯ ಮಾಸ್ತರಿಕೆಯಿಂದ ನಿವೃತ್ತನಾದ ಮೇಲೆ ನನ್ನ ಪಾಲಿಗೆ ಉಳಿದಿರುವ ಒಂದೇ ವರ್ಗ ಈ ಬೇಲಿ. ಅದರಲ್ಲೂ ಹಾಜರಿ ಒಬ್ಬರದೇ, ಬಾಜೂ ಮನೆಯ ವೈನಿಯದು. ಪ್ರಶ್ನೆ ಕೇಳುವವರು ಅವರು, ನಾಪಾಸಾಗುವವನು ನಾನು.

ಮೊನ್ನೆ ಚಳಿಗಾಲದಲ್ಲಿ ಒಂದು ಮುಂಜಾನೆ ಬೇಲಿಯಾಚೆ ರೊಟ್ಟಿ ಬಡಿಯುವ ಸಪ್ಪಳ ಕೇಳಲಿಲ್ಲ. ಮರುದಿನವೂ ಇಲ್ಲ. ಮೂರನೆಯ ದಿನ ವೈನಿ ಉಪ್ಪಿನಕಾಯಿ ಭರಣಿ ಹಿಡಿದು ಬೇಲಿಗೆ ಬಂದರು.

“ಗುರೂಜಿ, ಇದರ ಮುಚ್ಚಳ ಒಂದೀಟ ತಗದ ಕೊಡ್ರಿ. ನನ್ನ ಬೆರಳ ನನ್ನ ಮಾತ ಕೇಳವಲ್ವು.”

ನೋಡಿದೆ. ಎರಡೂ ಕೈಯ ಬೆರಳ ಬುಡದ ಗೆಣ್ಣುಗಳು ಬಾತು ನುಣ್ಣಗಾಗಿದ್ದವು. ಬಳೆ ಮಣಿಕಟ್ಟಿನಲ್ಲಿ ಸಿಕ್ಕಿಕೊಂಡಿತ್ತು.

“ಎಷ್ಟ ದಿನ ಆತ ವೈನಿ?”

“ದೀಪಾವಳಿ ಮುಂದ ಸುರು ಆತ್ರಿ. ಮೊದಲ ಬಲಗೈ, ಆಮ್ಯಾಲ ಎಡಗೈ. ಈಗ ಎರಡೂ ಅಕ್ಕ-ತಂಗ್ಯಾರಂಗ ಕೂಡೇ ಬಾಯತಾವು. ಮುಂಜಾನೆ ಎದ್ದರ ಮುಷ್ಟಿ ಕಟ್ಟಾಕ ಬರಂಗಿಲ್ಲ. ಹೊತ್ತ ಮ್ಯಾಲ ಬಂದಂಗ ಸಡಲ ಆಗ್ತಾವು. ಅಷ್ಟೊತ್ತಿಗೆ ಮನ್ಯಾಗಿನವರು ತಂಗಳ ತಿಂದ ಹೊಲಕ್ಕ ಹೋಗಿರತಾರ.”

ನಾನು ಡಾಕ್ಟರನಲ್ಲ. ಆದರೆ ಈ ಬ್ಯಾನಿಯ ಮುಖವನ್ನು ನಮ್ಮ ಮನೆಯಲ್ಲಿ ಇಪ್ಪತ್ತು ವರ್ಷ ನೋಡಿದವನು. ವಯಸ್ಸಾಗಿ ಮೊಣಕಾಲು ಸವೆದ ನೋವು ಸಂಜೆಗೆ ಏರುತ್ತದೆ, ದುಡಿದಷ್ಟೂ ಹೆಚ್ಚು. ಇದು ಅದಕ್ಕೆ ಉಲ್ಟಾ. ನಸುಕಿನಲ್ಲಿ ಜೋರು, ಒಂದು ತಾಸಿಗೂ ಮೇಲೆ ಬಿಗಿತ, ಸಣ್ಣ ಕೀಲುಗಳ ಮೇಲೆ ಕಣ್ಣು, ಎಡ-ಬಲ ಎರಡೂ ಕಡೆ ಸಮಪಾಲು. ನಮ್ಮ ಹಳೆಯ ವೈದ್ಯರು ಆಮವಾತ ಎನ್ನುತ್ತಿದ್ದ ಬ್ಯಾನಿಗೆ ಹತ್ತಿರದ್ದು. ಈಗಿನ ಡಾಕ್ಟರರು ರುಮಟಾಯ್ಡ್ ಅನ್ನುತ್ತಾರೆ. ಮನೆ ಕಾಯಲು ಇಟ್ಟ ನಾಯಿ ಮನೆಯವರನ್ನೇ ಕಚ್ಚಿದ ಹಾಗೆ, ರೋಗ ತಡೆಯಬೇಕಾದ ರಕ್ತದ ಕಾವಲುಗಾರರು ಕೀಲಿನ ಒಳಪೊರೆಯನ್ನು ವೈರಿ ಎಂದು ತಿಳಿದು ಬಡಿಯುತ್ತಾರೆ. ಗಂಡಸರಿಗಿಂತ ಹೆಂಗಸರಿಗೆ ಎರಡು-ಮೂರು ಪಟ್ಟು ಹೆಚ್ಚು. ರೊಟ್ಟಿ ಬಡಿಯುವವರನ್ನೇ ಹುಡುಕಿಕೊಂಡು ಬರುತ್ತದೆ ಎಂದು ನಮ್ಮ ಅತ್ತಿ ಹೇಳುತ್ತಿದ್ದಳು.

ಮುಚ್ಚಳ ತೆಗೆದುಕೊಟ್ಟೆ. ವೈನಿ ಹೋಗಲಿಲ್ಲ. ಅಸಲು ಮಾತು ಮುಚ್ಚಳದ ಕೆಳಗಿತ್ತು.

“ಗುರೂಜಿ, ಇದಕ್ಕ ಬಂಗಾರದ ಔಷಧ ಇರತೈತಂತಲ್ರಿ, ಖರೇನ?”

ಹಿಂದಿನ ವಾರ ಬೈಕಿನ ಮೇಲೆ ಒಬ್ಬ ಬಂದಿದ್ದನಂತೆ. ಸೀಟಿನ ಹಿಂದೆ ಪೆಟ್ಟಿಗೆ, ಪೆಟ್ಟಿಗೆಯೊಳಗೆ ಕೆಂಪು ಪುಡಿಯ ಪೊಟ್ಟಣ. ಸುವರ್ಣ ಭಸ್ಮವಂತೆ. ಮೂರು ತಿಂಗಳು ಜೇನುತುಪ್ಪದಲ್ಲಿ ತಿಂದರೆ ಕೀಲು ಹೊಸದಾಗುತ್ತವಂತೆ. ಅವನು ಹೇಳಿದ ದುಡ್ಡು ಮನೆಯಲ್ಲಿ ಇರಲಿಲ್ಲ. ವೈನಿಯ ಬಳಿ ಇದ್ದದ್ದು ತವರಿನಿಂದ ತಂದ ಎರಡು ತೊಲಿಯ ಬೋರಮಾಳ. ಅದನ್ನು ಅಡವಿಟ್ಟು ಪುಡಿ ತರಿಸೋಣವೆ ಎಂಬುದು ವಿಚಾರ.

“ಅಂದರ ಬಂಗಾರ ಕೊಟ್ಟು ಬಂಗಾರ ತಿನ್ನೂದು?”

“ಕೊಳ್ಳಾಗ ಹಾಕ್ಕೊಳ್ಳಾಕ ಅದರ ಕೊಂಡಿ ಸಿಗಸಾಕರ ಬರಬೇಕಲ್ರಿ. ಬೆರಳ ಬಾತಾವು.”

ಇದಕ್ಕೆ ನನ್ನ ಬಳಿ ಉತ್ತರ ಇರಲಿಲ್ಲ. ಆದರೆ ಅವರ ಮೊದಲ ಪ್ರಶ್ನೆಗೆ ಇತ್ತು. ಬಂಗಾರದ ಔಷಧ ಇತ್ತು. ಖರೇನೇ ಇತ್ತು. ನಮ್ಮ ಅತ್ತಿ ಅದನ್ನು ಚುಚ್ಚಿಸಿಕೊಂಡಿದ್ದಳು.

ಅತ್ತಿ ಅಂದರೆ ನನ್ನ ಅಪ್ಪನ ತಂಗಿ. 1980ರ ಆಸುಪಾಸಿನ ಮಾತು. ಬೆರಳು ಹಕ್ಕಿಯ ಕೊಕ್ಕಿನಂತೆ ಒಂದು ಕಡೆ ವಾಲತೊಡಗಿದ್ದವು. ದೂರದ ಊರಿನ ದೊಡ್ಡ ದವಾಖಾನೆಯಲ್ಲಿ ಒಬ್ಬ ಡಾಕ್ಟರರು, “ಬಂಗಾರದ ಸೂಜಿ ಹಾಕೋಣ” ಎಂದರು. ಜೊತೆಗೆ ಹೋಗಿದ್ದ ಮಾವ ಅಲ್ಲೇ ಬಾಂಕಿನ ಮೇಲೆ ಕುಸಿದು ಕುಳಿತ. ಹೊಲ ಮಾರಬೇಕಾಗುತ್ತದೆ ಎಂದು ಅವನ ಲೆಕ್ಕ. ಡಾಕ್ಟರರು ನಕ್ಕು, ಒಂದು ಸೂಜಿಯಲ್ಲಿ ನಿಮ್ಮ ಪತ್ತಾರ ತಕ್ಕಡಿಗೆ ಹಾಕಲೂ ನಾಚುವಷ್ಟು ಬಂಗಾರ ಇರುತ್ತದೆ ಎಂದರಂತೆ.

ಲೆಕ್ಕ ನಾನು ಆಮೇಲೆ ಮಾಡಿದ್ದೇನೆ. ಮಾಸ್ತರನಿಗೆ ಅಷ್ಟೂ ಚಟ ಇರದಿದ್ದರೆ ಹೇಗೆ. ಈಗಿನವರು 10 ಗ್ರಾಂಗೆ ತೊಲಿ ಅನ್ನುತ್ತಾರೆ. ಹಳೆಯ ತೊಲಿ 11.66 ಗ್ರಾಂ, ಅದರಲ್ಲಿ 96 ಗುಂಜಿ. ಅಂದರೆ ಬೇಲಿಯಲ್ಲಿ ಬೆಳೆಯುವ ಕೆಂಪು-ಕಪ್ಪು ಗುಲಗಂಜಿ ಕಾಳಿನ ತೂಕ, ಒಂದು ಗ್ರಾಮಿನ ಎಂಟನೆಯ ಒಂದು ಪಾಲು. ಅತ್ತಿಗೆ ಕೊಟ್ಟ ಔಷಧದ ಹೆಸರು ಸೋಡಿಯಂ ಆರೋಥಿಯೋಮ್ಯಾಲೇಟ್. ಮೊದಲ ವಾರ ಮೈ ಒಪ್ಪುತ್ತದೋ ಇಲ್ಲವೋ ನೋಡಲು 10 ಮಿಲಿಗ್ರಾಂ, ಆಮೇಲೆ ಏರಿಸಿ ವಾರಕ್ಕೊಮ್ಮೆ 50 ಮಿಲಿಗ್ರಾಂ, ಒಟ್ಟು ಒಂದು ಗ್ರಾಂ ಆಗುವ ತನಕ. ಆ ಔಷಧದಲ್ಲಿ ಹೆಚ್ಚುಕಡಿಮೆ ಅರ್ಧ ಬಂಗಾರ. ಆರು ತಿಂಗಳು ಬಸ್ಸು ಹತ್ತಿ ಇಳಿದು ಅತ್ತಿಯ ಮೈಗೆ ಸೇರಿದ್ದು ಅರ್ಧ ಗ್ರಾಂ. ನಾಲ್ಕು ಗುಂಜಿ.

“ನಾಕ ಗುಂಜಿ? ನನ್ನ ಮೂಗಬೊಟ್ಟ ಅದಕ್ಕಿಂತ ಜಾಸ್ತಿ ಐತಿ!” ಎಂದರು ವೈನಿ, ಮೂಗಿನ ಮೇಲೆ ಕೈ ಇಟ್ಟು.

ನಾಲ್ಕೇ ಗುಂಜಿ ಎಂದು ಊರಿಗೆ ಯಾರು ಹೇಳಬೇಕು? ಅತ್ತಿಯ ಮೈಯೆಲ್ಲ ಬಂಗಾರವಾಗುತ್ತಿದೆ ಎಂದು ಸುದ್ದಿ. ಬಾವಿಗೆ ಬಂದ ಹೆಂಗಸರು ಅವಳ ತೋಳು ಮುಟ್ಟಿ ನೋಡುತ್ತಿದ್ದರು. ಎಲ್ಲಕ್ಕಿಂತ ತಮಾಷೆ ನಡೆದದ್ದು ಅವರ ಮನೆ ಪಾಲಾದಾಗ. ಪಂಚರು ಕೂತು ಅತ್ತಿಯ ಅತ್ತೆಯ ಆಭರಣ ಹಂಚುವ ಹೊತ್ತಿಗೆ ಮೈದುನ ಎದ್ದು ನಿಂತು, ದೊಡ್ಡ ವೈನಿಗೆ ಇಪ್ಪತ್ತು ಸೂಜಿ ಬಂಗಾರ ಆಗಲೇ ಮುಟ್ಟಿದೆ, ಅದನ್ನು ಅವರ ಪಾಲಿನಲ್ಲಿ ಹಿಡಿಯಬೇಕು ಎಂದ. ಪಂಚರು ಅದನ್ನು ಗಂಭೀರವಾಗಿ ಚರ್ಚೆಗೂ ತೆಗೆದುಕೊಂಡರು. ಕಡೆಗೆ ಅತ್ತಿ ಒಳಗಿಂದಲೇ, “ಹಂಗಾರ ತಕ್ಕೊಂಡ ಹೋಗ್ರಿ, ಬ್ಯಾನೀನೂ ಅದರ ಸಂಗಾಟ ಪಾಲ ಹಾಕ್ಕೋರಿ” ಎಂದಳಂತೆ. ಚರ್ಚೆ ಮುಗಿಯಿತು.

ವೈನಿ ನಕ್ಕರು. ನಕ್ಕಾಗ ಬೆರಳುಗಳನ್ನು ಸೆರಗಿನೊಳಗೆ ಮುಚ್ಚಿಕೊಂಡರು.

“ಬಂಗಾರ ಹಾಕಿದರ ವಾತ ಹೋಗತೈತಿ ಅಂತ ಮೊದಲ ಯಾರಿಗೆ ಹೊಳೀತ್ರಿ?”

ಇದು ಹೇಳಲು ನನಗೆ ಬಲು ಇಷ್ಟದ ಕಥೆ. ಏಕೆಂದರೆ ಇದರಲ್ಲಿ ದೊಡ್ಡ ದೊಡ್ಡ ಡಾಕ್ಟರರೆಲ್ಲ ದಾರಿ ತಪ್ಪಿಯೇ ಊರು ಮುಟ್ಟಿದ್ದಾರೆ. ಜರ್ಮನಿಯ ರಾಬರ್ಟ್ ಕೋಖ್, ಕ್ಷಯದ ಕ್ರಿಮಿಯನ್ನು ಕಂಡುಹಿಡಿದ ಮಹಾನುಭಾವ, 1890ರಲ್ಲಿ ಗಾಜಿನ ನಳಿಕೆಯೊಳಗೆ ಬಂಗಾರದ ಸಯನೈಡ್ ಹಾಕಿದರೆ ಆ ಕ್ರಿಮಿ ಬೆಳೆಯುವುದಿಲ್ಲ ಎಂದ. ನಳಿಕೆಯೊಳಗೆ ಹೌದು. ಮನುಷ್ಯನೊಳಗೆ? ಅದನ್ನು ನೋಡುವ ತಾಳ್ಮೆ ಎಲ್ಲರಿಗೂ ಇರಲಿಲ್ಲ. 1920ರ ದಶಕದಲ್ಲಿ ಡೆನ್ಮಾರ್ಕಿನಲ್ಲಿ ಸ್ಯಾನೋಕ್ರೈಸಿನ್ ಎಂಬ ಬಂಗಾರದ ಲವಣ ಹುಟ್ಟಿತು, ಯುರೋಪಿನ ಕ್ಷಯರೋಗಿಗಳಿಗೆ ಧಾರಾಳ ಚುಚ್ಚಿದರು. ಬಂಗಾರ ಅಂದ ಮೇಲೆ ಗುಣವಾಗಲೇಬೇಕಲ್ಲ, ರೋಗಿಗೂ ಹಾಗೇ ಅನ್ನಿಸಿರಬೇಕು, ಡಾಕ್ಟರರಿಗೂ.

1931ರ ಹೊತ್ತಿಗೆ ಅಮೆರಿಕದ ಡೆಟ್ರಾಯಿಟ್ ಹತ್ತಿರದ ಒಂದು ಸ್ಯಾನಿಟೋರಿಯಂನಲ್ಲಿ ಆಂಬರ್‌ಸನ್ ಎಂಬ ಡಾಕ್ಟರರು ಒಂದು ಹಳ್ಳಿಗಾಡಿನ ಉಪಾಯ ಮಾಡಿದರು. 24 ರೋಗಿಗಳನ್ನು ಒಬ್ಬರಿಗೊಬ್ಬರು ಸಾಟಿಯಾಗುವಂತೆ ಎರಡು ಗುಂಪು ಮಾಡಿ, ಯಾವ ಗುಂಪಿಗೆ ಬಂಗಾರ, ಯಾವುದಕ್ಕೆ ಬರೀ ನೀರು ಎಂಬುದನ್ನು ನಾಣ್ಯ ಚಿಮ್ಮಿ ತೀರ್ಮಾನಿಸಿದರು. ಛಾಪಾ-ಕಾಟಾ. ಯಾರಿಗೆ ಯಾವುದು ಸಿಕ್ಕಿದೆ ಎಂದು ರೋಗಿಗಳಿಗೆ ಗೊತ್ತಿಲ್ಲ. ಕೊನೆಗೆ ನೋಡಿದರೆ ಬಂಗಾರದವರಿಗೆ ಗುಣವಿಲ್ಲ, ಮೇಲೆ ಮೂತ್ರಪಿಂಡಕ್ಕೆ, ಚರ್ಮಕ್ಕೆ ಪೆಟ್ಟು. ಚಿಲ್ಲರೆ ನಾಣ್ಯವೊಂದು ಬಂಗಾರದ ಬೆಲೆ ಕಟ್ಟಿದ್ದು ಅಲ್ಲಿಯೇ ಮೊದಲಿರಬೇಕು.

“ಅಂದರ ಬಂಗಾರ ಸೋತತು.”

“ಕ್ಷಯದ ಮುಂದ ಸೋತತು. ಆದರ ಅಷ್ಟರಾಗ ಅದು ಇನ್ನೊಂದ ಕುಸ್ತಿ ಗೆದ್ದಿತ್ತು.”

ಫ್ರಾನ್ಸಿನಲ್ಲಿ ಬಿಸಿನೀರಿನ ಬುಗ್ಗೆಗಳ ಊರು ಎಕ್ಸ್-ಲೇ-ಬಾಂ. ಕೀಲುಬ್ಯಾನಿಯವರು ಬಂದು ನೀರಲ್ಲಿ ಕೂರುವ ಜಾಗ. ಅಲ್ಲಿನ ಡಾಕ್ಟರ್ ಝಾಕ್ ಫಾರೆಸ್ಟಿಯೇ, ಈ ವಾತವೂ ಕ್ಷಯದ ಬಂಧುವೇ ಇರಬೇಕು, ಒಳಗೆಲ್ಲೋ ಕ್ರಿಮಿ ಇರಬೇಕು ಎಂದು ಊಹಿಸಿ, ಕ್ಷಯದ ಬಂಗಾರವನ್ನೇ ವಾತದವರಿಗೂ ಕೊಟ್ಟರು. ಊಹೆ ತಪ್ಪು. ಕೀಲುಗಳು ಮಾತ್ರ ಸಡಿಲವಾದವು. 1929ರಲ್ಲಿ ಅವರು ಬರೆದು ಪ್ರಕಟಿಸಿದರು. ಅದಕ್ಕೂ ಎರಡು ವರ್ಷ ಮೊದಲು ಜರ್ಮನಿಯ ಲಾಂಡೆ ಎಂಬವರಿಗೂ ಇದರ ಸುಳಿವು ಸಿಕ್ಕಿತ್ತು. ಆಮೇಲೆ 1945ರಲ್ಲಿ ಗ್ಲಾಸ್ಗೋದ ಫ್ರೇಜರ್, 1960ರ ಹೊತ್ತಿಗೆ ಇಂಗ್ಲೆಂಡಿನ ಎಂಪಾಯರ್ ರುಮ್ಯಾಟಿಸಂ ಕೌನ್ಸಿಲ್‌ನವರು ಸುಳ್ಳು ಸೂಜಿ, ಖರೇ ಸೂಜಿ ಎರಡನ್ನೂ ಇಟ್ಟು ತೂಗಿ ನೋಡಿ, ಹೌದು, ಇದರಲ್ಲಿ ಗುಣ ಇದೆ ಎಂದರು. ಕ್ಷಯಕ್ಕೆಂದು ಹೊರಟ ಬಂಗಾರ ಹೀಗೆ ಅರ್ಧ ಶತಮಾನಕ್ಕೂ ಹೆಚ್ಚು ವಾತದ ಮನೆಯಲ್ಲಿ ಬಾಳ್ವೆ ಮಾಡಿತು.

ವೈನಿಗೆ ಫ್ರಾನ್ಸು, ಗ್ಲಾಸ್ಗೋ ಬೇಡ. ಅವರ ತಲೆಯಲ್ಲಿ ಓಡುತ್ತಿದ್ದದ್ದು ಬೇರೆ. “ಹಂಗಾರ ಆ ಬೈಕಿನಾಂವ ಹೇಳಿದ್ದೂ ಖರೇನ ಆತಲ್ರಿ. ಬಂಗಾರ ಅಂದರ ಬಂಗಾರ.”

ಇಲ್ಲಿಯೇ ಇರುವುದು ಗಂಟು. ನಾನು ಅವರ ಅಕ್ಕನ ಮಗನನ್ನು ನೆನಪು ಮಾಡಿದೆ. ಹುಡುಗ ಕೊಯಮತ್ತೂರಿನಲ್ಲಿ ಗಲಾಯಿ ಅಂಗಡಿಯಲ್ಲಿದ್ದಾನೆ. ಗೊತ್ತಿಲ್ಲದವರಿಗೆ ಒಂದು ಮಾತು: ನಮ್ಮ ಸಾಂಗಲಿ ಜಿಲ್ಲೆಯ ವಿಟಾ, ಖಾನಾಪುರ, ಆಟಪಾಡಿ ಕಡೆಯ ಸಾವಿರಾರು ಜನ ಬರಗಾಲಕ್ಕೆ ಊರು ಬಿಟ್ಟು ದೇಶದ ಮೂಲೆಮೂಲೆಯಲ್ಲಿ ಬಂಗಾರ ಕರಗಿಸಿ ಶುದ್ಧ ಮಾಡುವ ಕಸುಬು ಹಿಡಿದಿದ್ದಾರೆ. ಪತ್ತಾರರ ಅಂಗಡಿಯ ಕಸ ಕೊಂಡು ಅದರೊಳಗಿನ ಬಂಗಾರದ ಧೂಳನ್ನೂ ಹೊರಗೆ ತೆಗೆಯುತ್ತಾರೆ. ಹೊಲದಲ್ಲಿ ಜೋಳವೇ ಸರಿಯಾಗಿ ಬಾರದ ನೆಲದವರು ಕಸದಲ್ಲಿ ಬಂಗಾರ ಬೆಳೆಯುವುದು ಕಲಿತರು.

“ನಿಮ್ಮ ಹುಡುಗ ಹೇಳಿರಬೇಕಲ್ರಿ. ಬಂಗಾರಕ್ಕ ಒಂದ ತೇಜಾಬ ಹಾಕಿದರ ಏನ ಆಗತೈತಿ?”

“ಏನೂ ಆಗಂಗಿಲ್ಲಂತ. ತಾಮ್ರ ಹೋಗತೈತಿ, ಬೆಳ್ಳಿ ಹೋಗತೈತಿ, ಬಂಗಾರ ಕೂತಲ್ಲೇ ಕೂಡತೈತಿ. ಎರಡ ತೇಜಾಬ ಕೂಡಿಸಿದರ ಅಷ್ಟ ಕರಗತೈತಂತ.”

“ಅಷ್ಟ ಗಟ್ಟಿ ಇದ್ದದ್ದು ನಿಮ್ಮ ಹೊಟ್ಟಿಯೊಳಗ ಕರಗತೈತೇನು?”

ವೈನಿ ಸುಮ್ಮನಾದರು. ಬಂಗಾರ ಯಾರೊಂದಿಗೂ ಬೆರೆಯದ ಲೋಹ. ಅದಕ್ಕೇ ಅದಕ್ಕೆ ತುಕ್ಕಿಲ್ಲ, ಅದಕ್ಕೇ ಅದಕ್ಕೆ ಇಷ್ಟು ಸೊಕ್ಕು. ಅದು ಔಷಧವಾಗಬೇಕಾದರೆ ಮೊದಲು ಅದರ ಸೊಕ್ಕು ಮುರಿದು ಗಂಧಕದ ಕೈಗೆ ಕಟ್ಟಬೇಕು. ಅತ್ತಿಯ ಸೂಜಿಯಲ್ಲಿ ಇದ್ದದ್ದು ಅಂಥ ಕಟ್ಟಿದ ಬಂಗಾರ, ನೀರಿನಲ್ಲಿ ಸಕ್ಕರೆಯಂತೆ ಕರಗುವಂಥದ್ದು. ಕಟ್ಟಿದ ಹಗ್ಗವೋ ಥಿಯೋಮ್ಯಾಲಿಕ್ ಆಮ್ಲ. ಹೆಸರು ಕೇಳಿ ಹೆದರಬೇಕಿಲ್ಲ. ಎಳೆ ದ್ರಾಕ್ಷಿ ಬಾಯಿಗಿಟ್ಟರೆ ಹಲ್ಲು ಚುಳ್ಳೆನ್ನಿಸುವ ಹುಳಿಗಳಲ್ಲಿ ಒಂದು ಮ್ಯಾಲಿಕ್ ಆಮ್ಲ. ಅದರ ಮೈಗೆ ಗಂಧಕ ಸೇರಿಸಿದ ದಾಯಾದಿ ಇದು. ನಮ್ಮ ತಾಲೂಕಿನ ದ್ರಾಕ್ಷಿ ತೋಟದಲ್ಲಿ ಹುಳಿ ಕಾಯಿ ಇದೆ, ಬೂದಿರೋಗಕ್ಕೆ ಹೊಡೆಯುವ ಗಂಧಕ ಇದೆ, ತೋಟದ ಒಡೆಯನ ಹೆಂಡತಿಯ ಕೊರಳಲ್ಲಿ ಬಂಗಾರ ಇದೆ. ಮೂರೂ ಸಾಮಾನು ಒಂದೇ ಮನೆಯಲ್ಲಿದ್ದೂ ಔಷಧ ಆಗುವುದಿಲ್ಲ, ಜೋಡಿಸುವ ವಿದ್ಯೆ ಬೇಕು.

ಭಸ್ಮದಲ್ಲಿ ಬಂಗಾರ ಇರುವುದು ಲೋಹವಾಗಿಯೇ, ಬಹಳ ನುಣ್ಣಗೆ ಅರೆದ ಹಾಗೆ. ಆಯುರ್ವೇದದಲ್ಲಿ ಅದಕ್ಕೆ ಹಳೆಯ ಮನೆತನ ಇದೆ, ಬೃಹತ್ ವಾತ ಚಿಂತಾಮಣಿಯಂಥ ರಸೌಷಧಗಳಲ್ಲಿ ಅದು ಸೇರುತ್ತದೆ. ಪುಷ್ಯ ನಕ್ಷತ್ರದ ದಿನ ಮಕ್ಕಳಿಗೆ ಸುವರ್ಣ ಪ್ರಾಶನ ಮಾಡಿಸುವವರು ಗಡಿಯ ಎರಡೂ ಕಡೆ ಇದ್ದಾರೆ. ಓದಿದ ವೈದ್ಯರ ಮನೆಯ ಮಾತು ಬೇರೆ, ಅದರ ಜಗಳಕ್ಕೆ ನಾನು ಹೋಗುವುದಿಲ್ಲ. ಆದರೆ ಫಾರೆಸ್ಟಿಯೇ ಚುಚ್ಚಿದ್ದು ಅದಲ್ಲ, ಗ್ಲಾಸ್ಗೋದಲ್ಲಿ ತೂಗಿದ್ದೂ ಅದಲ್ಲ. ಅವರ ಕೀರ್ತಿಯನ್ನು ಇವನ ಪೊಟ್ಟಣಕ್ಕೆ ಅಂಟಿಸುವುದು ಪಕ್ಕದ ಮನೆಯವನ ಮಗ ಪಾಸಾದ ಪೇಡೆಯನ್ನು ನಮ್ಮ ಮಗನ ಹೆಸರಲ್ಲಿ ಹಂಚಿದ ಹಾಗೆ. ಇನ್ನು ಬೈಕಿನ ಪೆಟ್ಟಿಗೆಯ ಪುಡಿಯಲ್ಲಿ ಬಂಗಾರ ಇರುತ್ತದೆ ಎಂಬ ನಂಬಿಕೆಯೇ ನನಗಿಲ್ಲ. ತೊಲಿಗೆ ಲಕ್ಷ ದಾಟಿರುವ ಸಾಮಾನನ್ನು ಹಳ್ಳಿ ಹಳ್ಳಿ ತಿರುಗಿ ಪೊಟ್ಟಣ ಕಟ್ಟಿ ಮಾರುವ ಧರ್ಮಾತ್ಮ ಇನ್ನೂ ಹುಟ್ಟಿಲ್ಲ. ಇಂಥ ಹೆಸರಿಲ್ಲದ ವಾತದ ಪುಡಿಗಳನ್ನು ಪರೀಕ್ಷೆ ಮಾಡಿದಾಗ ಸ್ಟೀರಾಯ್ಡ್ ಬೆರೆಸಿದ್ದು ಎಷ್ಟೋ ಸಲ ಸಿಕ್ಕಿದೆ. ಅದಕ್ಕೇ ಮೂರೇ ದಿನದಲ್ಲಿ ನೋವು ಮಾಯ, ಮೂರು ತಿಂಗಳಿಗೆ ಮುಖ ಉಬ್ಬಿ ಚಂದ್ರ.

“ಖರೇ ಬಂಗಾರ ಎಷ್ಟ ದಿನಕ್ಕ ಗುಣಾ ಕೊಡತಿತ್ತು?” ಎಂದರು ವೈನಿ.

ಇದು ಸರಿಯಾದ ಪ್ರಶ್ನೆ. ಖರೇ ಬಂಗಾರ ಮೂರು ದಿನದಲ್ಲಿ ಏನೂ ಮಾಡುತ್ತಿರಲಿಲ್ಲ. ಮೂರು ತಿಂಗಳಲ್ಲೂ ಕೆಲವರಿಗೆ ಏನೂ ಇಲ್ಲ. ಅತ್ತಿ ಹದಿನಾಲ್ಕನೆಯ ಸೂಜಿಯ ತನಕ ಡಾಕ್ಟರರನ್ನು ಬೈದುಕೊಂಡೇ ಹೋಗಿಬಂದಳು. ಐದನೆಯ ತಿಂಗಳಲ್ಲಿ ಒಂದು ದಿನ ಅವಳೇ ಕುಪ್ಪಸದ ಗುಂಡಿ ಹಾಕಿಕೊಂಡು ಹೊರಗೆ ಬಂದಳು. ಅಲ್ಲಿಯ ತನಕ ಆ ಕೆಲಸ ಮಗಳದಾಗಿತ್ತು. ನಮ್ಮ ಅಜ್ಜಿ ಗುಡ್ಡಾಪುರ ದಾನಮ್ಮನಿಗೆ ಹರಕೆ ತೀರಿಸಲು ಅಂದೇ ಎದ್ದಳು. ಗುಣ ಬಂಗಾರದ್ದೋ ದಾನಮ್ಮನದೋ ಎಂಬ ವಾದ ನಮ್ಮ ಮನೆಯಲ್ಲಿ ಬಹಳ ದಿನ ನಡೆಯಿತು. ಬಂಗಾರ ಒಳಗೆ ಏನು ಮಾಡಿ ಕೀಲಿನ ಉರಿ ಇಳಿಸುತ್ತದೆ ಎಂಬುದನ್ನು ಅದು ಚಾಲ್ತಿಯಲ್ಲಿದ್ದಷ್ಟು ಕಾಲವೂ ಯಾರೂ ಪೂರ್ತಿ ಬಿಡಿಸಿ ಹೇಳಲಿಲ್ಲವಾದ್ದರಿಂದ ಅಜ್ಜಿಯ ಪಕ್ಷ ಸೋಲಲೂ ಇಲ್ಲ.

ಬಂಗಾರದ ಬೆಲೆ ಬೇರೆ ರೀತಿಯಲ್ಲಿ ತೆರಬೇಕಿತ್ತು. ಪ್ರತಿ ಸೂಜಿಗೂ ಮೊದಲು ಮೂತ್ರ ಪರೀಕ್ಷೆ, ರಕ್ತ ಪರೀಕ್ಷೆ. ಅತ್ತಿ ಮಾಡಿ ತೋರಿಸುತ್ತಿದ್ದ ನಕಲು ಇನ್ನೂ ಕಣ್ಣಿಗೆ ಕಟ್ಟಿದೆ: ಕಂಪೌಂಡರ್ ನಳಿಕೆಯನ್ನು ಸ್ಪಿರಿಟ್ ದೀಪದ ಮೇಲೆ ಹಿಡಿದು ಕುದಿಸುತ್ತಾನೆ, ಕಣ್ಣು ಸಣ್ಣ ಮಾಡಿ ಬೆಳಕಿಗೆ ಹಿಡಿಯುತ್ತಾನೆ, ತಿಳಿಯಾಗಿದ್ದರೆ ತಲೆ ಆಡಿಸುತ್ತಾನೆ. ಮೋಡ ಕಟ್ಟಿದರೆ ಮೂತ್ರದಲ್ಲಿ ಆಲ್ಬುಮಿನ್ ಹೋಗುತ್ತಿದೆ, ಬಂಗಾರ ಮೂತ್ರಪಿಂಡಕ್ಕೆ ಕೈ ಹಾಕಿದೆ ಎಂದು ಅರ್ಥ, ಅವತ್ತು ಸೂಜಿ ಇಲ್ಲ. ಬಾಯಲ್ಲಿ ಲೋಹದ ರುಚಿ ಬಂದರೆ, ಹುಣ್ಣಾದರೆ, ಮೈ ತುರಿಸಿದರೆ ಹೇಳಬೇಕು. ರಕ್ತದ ಕಣಗಳು ಇಳಿದರೆ ಜೀವಕ್ಕೇ ಸಂಚಕಾರ. ವರ್ಷಗಟ್ಟಲೆ ತೆಗೆದುಕೊಂಡ ಕೆಲವರ ಮುಖ ಬಿಸಿಲು ಬಿದ್ದಲ್ಲಿ ನೀಲಿ-ಬೂದು ಬಣ್ಣಕ್ಕೆ ತಿರುಗುತ್ತಿತ್ತು. ಬಂಗಾರ ತಿಂದವರು ಹಳದಿಯಾಗಲಿಲ್ಲ, ನೀಲಿಯಾದರು!

ಎರಡು ವರ್ಷ ತಿಂಗಳಿಗೊಂದು ಸೂಜಿಯಲ್ಲಿ ಅತ್ತಿ ಚೆನ್ನಾಗಿಯೇ ನಡೆದಳು. ಆಮೇಲೆ ಒಂದು ಸಲ ನಳಿಕೆಯಲ್ಲಿ ಮೋಡ ಕಟ್ಟಿತು. ನಮ್ಮ ಕಡೆ ಮೋಡ ಕಟ್ಟಿದರೆ ಜನ ಕೈಮುಗಿಯುತ್ತಾರೆ. ಆ ಮೋಡ ಮಾತ್ರ ಸೂಜಿಯನ್ನೇ ನಿಲ್ಲಿಸಿತು. ಬ್ಯಾನಿ ನಿಧಾನಕ್ಕೆ ಮರಳಿತು.

1985ರಲ್ಲಿ ಅಮೆರಿಕದಲ್ಲಿ ನುಂಗುವ ಬಂಗಾರವೂ ಬಂತು. ಆರಾನೋಫಿನ್ ಎಂದು ಅದರ ಹೆಸರು, ದಿನಕ್ಕೆ 6 ಮಿಲಿಗ್ರಾಂ, ಅದರಲ್ಲಿ ಬಂಗಾರ ನೂರಕ್ಕೆ 29 ಪಾಲು. ಸೂಜಿಯ ನೋವಿಲ್ಲ, ಮೂತ್ರಪಿಂಡಕ್ಕೆ ತಾಪತ್ರಯ ಕಡಿಮೆ, ಗುಣವೂ ಕಡಿಮೆ. ಹೊಟ್ಟೆ ಮಾತ್ರ ನೀರಾಗುತ್ತಿತ್ತು. ಬಂಗಾರ ಒಂದು ಕಡೆಯಿಂದ ಬಂದು ಇನ್ನೊಂದು ಕಡೆಯಿಂದ ಹೋಗುವ ಈ ವ್ಯವಹಾರ ಹೆಚ್ಚು ಜನರಿಗೆ ಒಗ್ಗಲಿಲ್ಲ. 2019ರಲ್ಲಿ ಇಂಗ್ಲೆಂಡ್, ಅಮೆರಿಕಗಳಲ್ಲಿ ಸೂಜಿಯ ಬಂಗಾರದ ಮಾರಾಟವೇ ನಿಂತಿತು. ಕೋಲಾರದ ಗಣಿ 2001ರಲ್ಲಿ ಮುಚ್ಚಿದಾಗ ಆದಷ್ಟು ಸದ್ದು ಇದಕ್ಕೆ ಆಗಲಿಲ್ಲ.

“ಬಂಗಾರದ ಉಂಗರ ಹಾಕ್ಕೊಂಡರರ ಏನರ ಉಪಯೋಗ ಐತೋ ಇಲ್ಲೋ?” ವೈನಿ ಬಿಡುವವರಲ್ಲ.

ನಗಬೇಡಿ. ಇದನ್ನೂ ನೋಡಿದವರಿದ್ದಾರೆ. 1997ರಲ್ಲಿ ಇಂಗ್ಲೆಂಡಿನ ಡಾಕ್ಟರರು ಮದುವೆಯ ಬಂಗಾರದುಂಗುರ ಹಾಕುವ ವಾತರೋಗಿಗಳ ಕೈಯ ಎಕ್ಸ್‌ರೇ ತೆಗೆದು, ಉಂಗುರದ ಬೆರಳ ಬುಡದ ಕೀಲು ಉಳಿದವರದಕ್ಕಿಂತ ಕಡಿಮೆ ಸವೆದಿದೆ ಎಂದು ಬರೆದರು. ಬಂಗಾರ ಚರ್ಮದಿಂದ ಇಳಿದು ಕೀಲಿಗೆ ಹೋಗುತ್ತದೋ, ಅಥವಾ ಕೀಲು ಚೆನ್ನಾಗಿದ್ದವರೇ ಉಂಗುರ ಹಾಕಿಕೊಂಡಿರಲು ಸಾಧ್ಯವೋ? ಬಾತ ಬೆರಳಿಗೆ ಉಂಗುರ ಯಾರು ಹಾಕುತ್ತಾರೆ? ನನ್ನ ಓಟು ಎರಡನೆಯದಕ್ಕೆ. ವೈನಿಯ ಓಟು ಮೊದಲನೆಯದಕ್ಕೆ, ಏಕೆಂದರೆ ಅದನ್ನು ಮನೆಯಲ್ಲಿ ಹೇಳಿದರೆ ಒಂದು ಉಂಗುರವಾದರೂ ಬಂದೀತು.

ಈಗ ಬಂಗಾರದ ಜಾಗಕ್ಕೆ ಬಂದಿರುವುದು ಒಂದು ಹಳದಿ ಗುಳಿಗೆ, ಮೆಥೊಟ್ರೆಕ್ಸೇಟ್. ಬಣ್ಣದಲ್ಲಿ ಬಂಗಾರದ ನೆಂಟ, ದುಡ್ಡಿನಲ್ಲಿ ಬಡವ. ಇದರ ಹಿಂದೆ ನಮ್ಮವರೊಬ್ಬರ ಕೈ ಇದೆ. ಆಂಧ್ರದ ಭೀಮಾವರಂನಲ್ಲಿ 1895ರಲ್ಲಿ ಹುಟ್ಟಿದ ಯಲ್ಲಾಪ್ರಗಡ ಸುಬ್ಬರಾವ್ ಅಮೆರಿಕದ ಲೆಡರ್ಲಿ ಕಂಪನಿಯಲ್ಲಿದ್ದಾಗ ಅವರ ತಂಡ ಫೋಲಿಕ್ ಆಮ್ಲವನ್ನೂ ಮಾಡಿತು, ಅದರ ಕೆಲಸ ಕೆಡಿಸುವ ಈ ಔಷಧವನ್ನೂ ಮಾಡಿತು. ಮೊದಲು ಇದು ರಕ್ತದ ಕ್ಯಾನ್ಸರಿನದು. ವಾತಕ್ಕೆ ಅಮೆರಿಕ ಸರಕಾರದ ಒಪ್ಪಿಗೆ ಸಿಕ್ಕಿದ್ದು 1988ರಲ್ಲಿ. ಈಗ ಡಾಕ್ಟರರು ಮೆಥೊಟ್ರೆಕ್ಸೇಟ್ ಕೊಟ್ಟು, ಬೇರೆ ದಿನ ಫೋಲಿಕ್ ಆಮ್ಲವನ್ನೂ ಕೊಡುತ್ತಾರೆ. ಜಗಳ ಹಚ್ಚುವವನೂ ಬಿಡಿಸುವವನೂ ಒಂದೇ ಮನೆಯವರು.

ಆದರೆ ಇದನ್ನು ತೆಗೆದುಕೊಳ್ಳಬೇಕಾದದ್ದು ವಾರಕ್ಕೆ ಒಂದೇ ದಿನ. ಇದನ್ನು ಹೇಳುವಾಗ ನಾನು ಬೇಲಿಗೆ ಇನ್ನೂ ಹತ್ತಿರ ಹೋದೆ. ನಮ್ಮ ಬೀಗರ ಪೈಕಿ ಒಬ್ಬರಿಗೆ ಹೀಗಾಗಿತ್ತು. ಡಾಕ್ಟರರು ಮರಾಠಿಯಲ್ಲಿ “ಆಠವಡ್ಯಾತೂನ ಏಕಚ” ಎಂದರು, ವಾರಕ್ಕೆ ಒಂದೇ ಎಂದು. ಬೀಗರ ಕನ್ನಡದ ಕಿವಿಗೆ ‘ಆಠ’ ಕೇಳಿತು, ‘ಏಕ’ ಕೇಳಿತು. ಎಂಟು ದಿನ, ದಿನಕ್ಕೊಂದು. ಮನೆಗೆ ಬಂದು ನಿಷ್ಠೆಯಿಂದ ತಿಂದರು. ಏಳನೆಯ ದಿನ ಬಾಯಿ ತುಂಬ ಹುಣ್ಣು, ನೀರು ಇಳಿಯದು. ರಕ್ತದ ಕಣಗಳು ಇಳಿದು ಹನ್ನೆರಡು ದಿನ ದವಾಖಾನೆಯಲ್ಲಿದ್ದರು. ಡಾಕ್ಟರರು ಹೇಳಿದ್ದು ಸರಿ, ಬೀಗರು ಕೇಳಿದ್ದೂ ಅವರ ಮಟ್ಟಿಗೆ ಸರಿ; ನಡುವೆ ಗಡಿ ಇತ್ತು. 2022ರಲ್ಲಿ ಕರ್ನಾಟಕದ ಆಗಿನ ಮುಖ್ಯಮಂತ್ರಿ ಬೊಮ್ಮಾಯಿ ಜತ್ತದ ಹೆಸರು ಎತ್ತಿ, 40 ಹಳ್ಳಿಗಳು ಆ ಕಡೆಯೋ ಈ ಕಡೆಯೋ ಎಂದು ಎರಡೂ ಸರಕಾರಗಳು ಕೂಗಾಡಿದಾಗ ಟಿವಿಯವರು ನಮ್ಮನ್ನು ಕೇಳಿದ್ದು ನೀರಿನ ವಿಷಯ. ಗುಳಿಗೆ ಚೀಟಿಯ ವಿಷಯ ಯಾರೂ ಕೇಳಲಿಲ್ಲ. ಕೇಳಿದ್ದರೆ ಹೇಳುತ್ತಿದ್ದೆ: ಯಾವ ರಾಜ್ಯದಲ್ಲಾದರೂ ಇಡಿ, ಔಷಧದ ಚೀಟಿಯ ಮೇಲೆ ವಾರದ ಹೆಸರು ಕನ್ನಡದಲ್ಲಿ ಬರೆದುಕೊಡಿ.

“ಹಂಗಾರ ಎಲ್ಲಿ ಹೋಗಲಿ? ಮಿರಜೋ, ವಿಜಾಪುರೋ?”

ಇದು ನಮ್ಮ ತಾಲೂಕಿನ ಹಳೆಯ ಪ್ರಶ್ನೆ. 1894ರಲ್ಲಿ ವಾನ್ಲೆಸ್ ಸಾಹೇಬರು ಮಿರಜದಲ್ಲಿ ಮಿಶನ್ ದವಾಖಾನೆ ಕಟ್ಟಿದಾಗಿನಿಂದ ಈ ಸೀಮೆಯ ಬ್ಯಾನಿಗಳು ಪಡುವಣದ ದಾರಿ ಹಿಡಿಯುತ್ತಿವೆ. ವಿಜಾಪುರದಲ್ಲಿ ಕನ್ನಡದಲ್ಲಿ ನರಳಬಹುದು ಎಂಬ ಅನುಕೂಲ. ಎಲ್ಲಿಯಾದರೂ ಹೋಗಿ, ಆದರೆ ಈ ತಿಂಗಳೇ ಹೋಗಿ ಎಂದೆ. ಕೀಲಿನ ಎಲುಬು ಒಮ್ಮೆ ಸವೆದರೆ ಬಂಗಾರವೂ ಕಟ್ಟಿಕೊಡುವುದಿಲ್ಲ. ರಕ್ತ ಪರೀಕ್ಷೆ ಮಾಡಿಸಿ, ಎಕ್ಸ್‌ರೇ ತೆಗೆಸಿ. ಬ್ಯಾನಿ ಇದೇ ಹೌದೋ ಅಲ್ಲವೋ ಅವರು ಹೇಳಲಿ, ನಾನಲ್ಲ.

ವೈನಿ ವಿಜಾಪುರಕ್ಕೆ ಹೋದರು. ಬೋರಮಾಳ ಅಡವಿಡಲಿಲ್ಲ, ದ್ರಾಕ್ಷಿಯ ಮುಂಗಡದಲ್ಲಿ ಖರ್ಚು ನಡೆಯಿತು. ಬ್ಯಾನಿ ಅದೇ ಹೌದಾಯಿತು. ಬರುವಾಗ ಹಳದಿ ಗುಳಿಗೆ ತಂದರು. ಯಾವ ದಿನ ತೆಗೆದುಕೊಳ್ಳಲಿ ಎಂದು ಕೇಳಿದಾಗ ಅಲ್ಲಿಯ ನರ್ಸಮ್ಮ, “ನಿಮ್ಮೂರ ಸಂತಿ ಯಾವತ್ತ?” ಎಂದಳಂತೆ. ಸಂತೆಯ ದಿನ ಮರೆಯುವ ಹೆಂಗಸು ನಮ್ಮ ತಾಲೂಕಿನಲ್ಲಿಲ್ಲ. ಎಷ್ಟು ಓದಿದ ಡಾಕ್ಟರರಿಗೂ ಹೊಳೆಯದ ಮಾತು ಅದು.

ಬೈಕಿನವನು ಮತ್ತೊಮ್ಮೆ ಬಂದಿದ್ದ. ವೈನಿ ಅವನನ್ನು ಬೇಲಿಯ ಹತ್ತಿರ ನಿಲ್ಲಿಸಿ ಒಂದೇ ಮಾತು ಕೇಳಿದರು: “ಇದರಾಗ ಎಷ್ಟ ಗುಂಜಿ ಐತಿ? ಕೊಯಮತ್ತೂರಿಗೆ ನಮ್ಮ ಹುಡುಗನ ಕಡೆ ಕಳಿಸಿ ತಗಸತೀನಿ, ಬಂದಷ್ಟಕ್ಕ ರೊಕ್ಕ ಕೊಡತೀನಿ.” ಬೈಕು ಸುರುವಾಗಲು ಎರಡು ಒದೆ ಸಾಕಾದವು.

ಅತ್ತಿ ತೀರಿ ಬಹಳ ವರ್ಷವಾಯಿತು. ಮೈ ಸೇರಿದ ಬಂಗಾರ ವರ್ಷಗಟ್ಟಲೆ ಒಳಗೇ ಉಳಿಯುತ್ತದೆ ಎಂದು ನಾನು ಹೇಳಿದ ಮೇಲೆ ವೈನಿಗೆ ಹೊಸ ಚಿಂತೆ. “ನೀವ ಲಿಂಗಾಯತರು, ಸುಡಲಿಲ್ಲ, ಹೊಲದಾಗ ಹುಗದೀರಿ. ಆ ನಾಕ ಗುಂಜಿ ಈಗ ಯಾರ ಪಾಲಿಗೆ ಬಂತ್ರಿ?” ಹೊಲ ಪಾಲಾದಾಗ ಆ ಬದು ಮೈದುನನ ಕಡೆಗೆ ಹೋಗಿದೆ. ಈ ಮಾತು ಅವನ ಮಕ್ಕಳಿಗೆ ತಿಳಿಸಬೇಡಿ ಎಂದಿದ್ದೇನೆ.

ಹೋದ ಸಂತೆಗೆ ವೈನಿಯದು ಹನ್ನೊಂದನೆಯ ವಾರ. ಬೇಲಿಯಾಚೆ ಸಪ್ಪಳ ಸುರುವಾಗಿದೆ. ನಿನ್ನೆ ಒಂದು ರೊಟ್ಟಿ ನಮ್ಮ ಮನೆಗೂ ಬಂತು. ಇನ್ನೂ ಸ್ವಲ್ಪ ದಪ್ಪ ಇದೆ.